ಟೈರಿನ ಗಾಳಿ ಬಿಸಿಯಾದಾಗ

ಪ್ರಶ್ನೆ: ಬೆಳಿಗ್ಗೆ ಕಾರಿನ ಟೈರಿಗೆ 32 ಪಿಎಸ್‌ಐ ಗಾಳಿ ತುಂಬಿಸಿದ್ದೆ. ಎರಡು ಗಂಟೆ ಓಡಿಸಿ ನೋಡಿದರೆ ಗೇಜ್ 37ರ ಹತ್ತಿರ ತೋರಿಸಿತು. ಹೊಸದಾಗಿ ಗಾಳಿ ಸೇರದೆ ಒತ್ತಡ ಏರಿದ್ದು ಹೇಗೆ? ಹೆಚ್ಚಾದದ್ದನ್ನು ಬಿಟ್ಟುಬಿಡಲೇ?

ಉತ್ತರ: ದಯವಿಟ್ಟು ಬಿಡಬೇಡಿ. ಒಳಗಿರುವ ಅಣುಗಳು ಅಷ್ಟೇ ಇವೆ, ಓಟ ಮಾತ್ರ ಚುರುಕಾಗಿದೆ. ಅಣುಗಳು ಟೈರಿನ ಒಳಮೈಗೆ ಎಡೆಬಿಡದೆ ಬಡಿಯುತ್ತವೆ. ಆ ಬಡಿತಗಳೆಲ್ಲ ಕೂಡಿದ್ದೇ ಒತ್ತಡ. ಬೆಳಿಗ್ಗೆ ಟೈರಿನ ಗಾಳಿ 20 ಡಿಗ್ರಿ, ಓಡಿದ ಮೇಲೆ 50 ಡಿಗ್ರಿ ಎಂದಿಟ್ಟುಕೊಳ್ಳಿ. ನೈಟ್ರೋಜನ್ ಅಣುಗಳ ಆರ್‌ಎಂಎಸ್ ವೇಗ (ಒಂದು ಬಗೆಯ ಸರಾಸರಿ ವೇಗ) 20 ಡಿಗ್ರಿ ಸೆಲ್ಸಿಯಸ್‌ನಲ್ಲಿ ಸೆಕೆಂಡಿಗೆ ಸುಮಾರು 510 ಮೀಟರ್, 50 ಡಿಗ್ರಿಯಲ್ಲಿ ಸುಮಾರು 535. ಹೆಚ್ಚಿದ್ದು ಶೇ 5ರಷ್ಟೇ. ಆದರೆ ಆ ಅಣು ಶೇ 5ರಷ್ಟು ಜೋರಾಗಿ ಗುದ್ದುವುದಲ್ಲದೆ, ಬೇಗ ಹೋಗಿಬರುವುದರಿಂದ ಶೇ 5ರಷ್ಟು ಹೆಚ್ಚು ಸಲವೂ ಗುದ್ದುತ್ತದೆ. 1.05ನ್ನು 1.05ರಿಂದ ಗುಣಿಸಿ: ಒತ್ತಡ ಶೇ 10ರಷ್ಟು ಏರಿತು. ಇಡೀ ವಿಷಯದ ಸೊಗಸು ಇರುವುದೇ ಇಲ್ಲಿ.

ಲೆಕ್ಕ ಮಾಡುವಾಗ ಬಹಳ ಜನ ಎರಡು ಕಡೆ ಎಡವುತ್ತಾರೆ. ಉಷ್ಣಾಂಶವನ್ನು ಕೆಲ್ವಿನ್‌ನಲ್ಲೇ, ಅಂದರೆ ಸೆಲ್ಸಿಯಸ್‌ಗೆ 273 ಕೂಡಿಸಿಯೇ, ಹಾಕಬೇಕು: 293 ಮತ್ತು 323. ಸೆಲ್ಸಿಯಸ್ ಹಾಕಿದರೆ ಒತ್ತಡ ಎರಡೂವರೆ ಪಟ್ಟಾಗಿಬಿಡುತ್ತದೆ! ಇನ್ನೊಂದು, ಗೇಜ್ ತೋರಿಸುವುದು ಹೊರಗಿನ ವಾಯುಭಾರಕ್ಕಿಂತ ಎಷ್ಟು ಹೆಚ್ಚು ಎಂಬುದನ್ನಷ್ಟೇ. ಸಮುದ್ರಮಟ್ಟದ 14.7 ಕೂಡಿಸಿ 46.7 ಮಾಡಿಕೊಳ್ಳಿ. ಅದನ್ನು 323ರಿಂದ ಗುಣಿಸಿ 293ರಿಂದ ಭಾಗಿಸಿದರೆ 51.5, 14.7 ಕಳೆದರೆ 36.8. ನಿಮ್ಮ ಗೇಜ್ ಸರಿಯಾಗಿಯೇ ಹೇಳಿದೆ. (ಟೈರ್ ಹಿಗ್ಗುವುದು ತೀರ ಕಡಿಮೆ, ಬಿಟ್ಟುಬಿಟ್ಟಿದ್ದೇನೆ.)

ಈಗ ಬಿಸಿಯಲ್ಲೇ ಗಾಳಿ ಬಿಟ್ಟು 32ಕ್ಕೆ ಇಳಿಸಿದಿರಿ ಎನ್ನಿ. ಟೈರ್ ಮತ್ತೆ 20 ಡಿಗ್ರಿಗೆ ತಣಿದಾಗ ಉಳಿಯುವುದು 27.7 ಮಾತ್ರ. ಗಾಳಿ ಕಡಿಮೆಯಾದ ಟೈರಿನ ಪಕ್ಕಗಳು ಹೆಚ್ಚು ಬಾಗಿ ಇನ್ನಷ್ಟು ಕಾಯುತ್ತವೆ, ಅಪಾಯ ಅದರಲ್ಲಿದೆ. ಗಾಡಿ ಮೂರು ಗಂಟೆಯಾದರೂ ನಿಂತ ಮೇಲೆ ಅಳೆಯಿರಿ.

ಪ್ರಶ್ನೆ: ಬರೀ ನೈಟ್ರೋಜನ್ ತುಂಬಿಸಿದರೆ ಒತ್ತಡ ಏರುವುದಿಲ್ಲವಂತೆ, ನಿಜವೇ?

ಉತ್ತರ: ಇಲ್ಲ, ಅಷ್ಟೇ ಏರುತ್ತದೆ. ಮಾಮೂಲಿ ಗಾಳಿಯಲ್ಲೂ ಶೇ 78 ನೈಟ್ರೋಜನ್ನೇ. ಟೈರಿನೊಳಗೆ ನೀರಿನ ಹನಿ ಸೇರಿದ್ದರೆ ಮಾತ್ರ ಅದು ಆವಿಯಾಗಿ ಅಣುಗಳ ಸಂಖ್ಯೆಯೇ ಹೆಚ್ಚುತ್ತದೆ. ಒಣಗಾಳಿ ಬೇಕೆನ್ನುವುದು ಅದಕ್ಕೇ.

ಪ್ರಶ್ನೆ: ಸೈಕಲ್ ಪಂಪ್ ಬಿಸಿಯಾಗುವುದು ಉಜ್ಜಾಟದಿಂದಲೇ?

ಉತ್ತರ: ಅದರ ಪಾಲು ಸ್ವಲ್ಪ. ಮುನ್ನುಗ್ಗುವ ಪಿಸ್ಟನ್‌ಗೆ ಬಡಿದ ಅಣು, ಬೀಸಿದ ಬ್ಯಾಟಿಗೆ ತಗುಲಿದ ಚೆಂಡಿನಂತೆ, ಬಂದದ್ದಕ್ಕಿಂತ ವೇಗವಾಗಿ ಮರಳುತ್ತದೆ. 20 ಡಿಗ್ರಿಯ ಗಾಳಿಯನ್ನು ತಟ್ಟನೆ ಅರ್ಧ ಗಾತ್ರಕ್ಕೆ ಅದುಮಿದರೆ, ಶಾಖ ಸೋರದಿದ್ದಲ್ಲಿ, ಉಷ್ಣಾಂಶ 110 ಡಿಗ್ರಿ ದಾಟುತ್ತದೆ. ಮುಟ್ಟಿ ನೋಡಿ: ಗಾಳಿ ಒತ್ತಿಕೊಳ್ಳುವ ತುದಿಯೇ ಹೆಚ್ಚು ಸುಡುತ್ತದೆ, ಹಿಡಿಕೆಯ ಕಡೆ ಅಷ್ಟಿರುವುದಿಲ್ಲ.