ಕಡಿಮೆ ಬಜೆಟ್‌ನ ಜಪಾನಿ ಹಾರರ್ ಸಿನಿಮಾಗಳಿಗೆ ಸಂಗೀತ ಕೊಟ್ಟೇ ಹೆಸರಾದವರು ಯಾರಾದರೂ ಇದ್ದಾರಾ?

ಇದ್ದಾರೆ. ನನ್ನ ಉತ್ತರ ಚು ಇಶಿಕಾವಾ. ರಿಂಗ್ ಸಿನಿಮಾದ ಕೆಂಜಿ ಕವಾಯಿ ಜಾಸ್ತಿ ಜನಕ್ಕೆ ಗೊತ್ತು, ಆದರೆ ಕೈಯಲ್ಲಿ ಕಾಸಿಲ್ಲದೆ ಸಿನಿಮಾ ಮಾಡಿದವರ ಜೊತೆ ನಿಂತವರು ಅಂದರೆ ನನಗೆ ಮೊದಲು ನೆನಪಾಗುವುದು ಇವರೇ.

ಶುರುವಾಗಿದ್ದು 1989ರ ಟೆಟ್ಸುವೊ ಸಿನಿಮಾದಿಂದ. ಒಬ್ಬ ಸಾಮಾನ್ಯ ಮನುಷ್ಯನ ಮೈಯೊಳಗಿಂದ ಕಬ್ಬಿಣ ಹುಟ್ಟಿ ಬರುವ ಕತೆ. ನಿರ್ದೇಶಕ ಶಿನ್ಯಾ ತ್ಸುಕಾಮೊಟೊ ಅದನ್ನು 16 ಎಂಎಂ ಕಪ್ಪು-ಬಿಳುಪು ಫಿಲ್ಮಿನಲ್ಲಿ ತೆಗೆದರು, ನಟನೆಯೂ ಅವರದೇ, ಎಡಿಟಿಂಗೂ ಅವರದೇ, ಉದ್ದ ಬರೀ 67 ನಿಮಿಷ. ಇಂಥದ್ದಕ್ಕೆ ಆರ್ಕೆಸ್ಟ್ರಾ ಎಲ್ಲಿಂದ ತರುವುದು? ಇಶಿಕಾವಾ ಲೋಹದ ಬಡಿತ, ಯಂತ್ರದಂಥ ತಾಳ, ಸಿಂಥಸೈಜರ್ ಇಷ್ಟರಲ್ಲೇ ಮುಗಿಸಿದರು. ಹಾರರ್ ಅಂದರೆ ಪಿಟೀಲು ಕಿರುಚಬೇಕು, ಆಮೇಲೆ ಸುಮ್ನೆ ಒಂದು ಧಡಾರ್ ಶಬ್ದ ಬರಬೇಕು ಅಂತ ನಮಗೆ ಅಭ್ಯಾಸ ಆಗಿಬಿಟ್ಟಿದೆ ಅಲ್ವಾ? ಇಲ್ಲಿ ಹಾಗಿಲ್ಲ. ಕಬ್ಬಿಣದ ಕತೆಗೆ ಕಬ್ಬಿಣದ್ದೇ ಸದ್ದು, ಅದೂ ನಿಲ್ಲದೆ ಬಡಿಯುತ್ತದೆ, ಹೆಡ್‌ಫೋನ್ ಹಾಕಿಕೊಂಡು ಕೇಳಿದರೆ ತಲೆನೋವು ಗ್ಯಾರಂಟಿ. ದುಡ್ಡಿಲ್ಲದ್ದು ಇಲ್ಲಿ ಕೊರತೆ ಅನ್ನಿಸುವುದೇ ಇಲ್ಲ.

ಇಶಿಕಾವಾ ಅವರ ಬ್ಯಾಂಡಿನ ಹೆಸರು ಡೆರ್ ಐಸೆನ್‌ರೋಸ್ಟ್, ಜರ್ಮನ್‌ನಲ್ಲಿ ಐಸೆನ್ ಅಂದರೆ ಕಬ್ಬಿಣ, ರೋಸ್ಟ್ ಅಂದರೆ ತುಕ್ಕು!

ಮುಂದೆ ಟೋಕಿಯೊ ಫಿಸ್ಟ್, ಬುಲೆಟ್ ಬ್ಯಾಲೆ, ಎ ಸ್ನೇಕ್ ಆಫ್ ಜೂನ್ ಹೀಗೆ ಅದೇ ನಿರ್ದೇಶಕರ ಜೊತೆ ಕೆಲಸ ನಡೆಯಿತು. ಇವೆಲ್ಲ ಪೂರ್ತಿ ಹಾರರ್ ಅಲ್ಲ. 1999ರ ಜೆಮಿನಿ ಮಾತ್ರ ಹಾರರ್ ಇಷ್ಟಪಡುವವರು ನೋಡಲೇಬೇಕಾದ್ದು. ಇಶಿಕಾವಾ 2017ರ ಡಿಸೆಂಬರ್‌ನಲ್ಲಿ ತೀರಿಕೊಂಡರು. ಮರುವರ್ಷ ಬಂದ ಕಿಲ್ಲಿಂಗ್ ಸಿನಿಮಾಕ್ಕೆ ತ್ಸುಕಾಮೊಟೊ ಬೇರೆಯವರನ್ನು ಹುಡುಕಲಿಲ್ಲ, ಗೆಳೆಯ ಬಿಟ್ಟುಹೋದ ಸಂಗೀತವನ್ನೇ ಬಳಸಿದರು.