ನೀನೊ ಬರಾಲಿ ಮತ್ತು ಅರ್ಧ ಅಡಿ ಫಿಲ್ಮು

ಓದುಗರ ಪತ್ರ: ‘ದಿ ಗುಡ್, ದಿ ಬ್ಯಾಡ್ ಅಂಡ್ ದಿ ಅಗ್ಲಿ’ಯ ಸ್ಮಶಾನದ ದೃಶ್ಯ ಮತ್ತೆ ನೋಡಿದೆ. ನಿರ್ದೇಶಕ ಸೆರ್ಜೊ ಲಿಯೋನೆಯ ಎಲ್ಲ ಚಿತ್ರಗಳ ಸಂಕಲನವೂ ನೀನೊ ಬರಾಲಿಯವರದ್ದೇ? ಕಂಪ್ಯೂಟರ್ ಇಲ್ಲದ ಕಾಲದಲ್ಲಿ ಅಷ್ಟು ಚುರುಕಾಗಿ ಕತ್ತರಿಸಿದ್ದು ಹೇಗೆ?

ಸಂಪಾದಕರ ಉತ್ತರ: ಎಲ್ಲವೂ ಅವರದ್ದಲ್ಲ. ಲಿಯೋನೆಯ ಮೊದಲ ವೆಸ್ಟರ್ನ್ (ಕೌಬಾಯ್ ಚಿತ್ರ), 1964ರದ್ದು, ರೊಬೆರ್ತೊ ಚಿಂಕ್ವೀನಿಯವರದು. ನೀವು ನೋಡಿದ 1966ರ ಚಿತ್ರದಲ್ಲಿ ಬರಾಲಿಯವರ ಜೊತೆ ಯುಜೇನಿಯೊ ಅಲಬೀಸೊ ಹೆಸರೂ ಇದೆ. 1968ರ ‘ಒನ್ಸ್ ಅಪಾನ್ ಎ ಟೈಮ್ ಇನ್ ದಿ ವೆಸ್ಟ್’ನಿಂದ ಮುಂದಕ್ಕೆ ಲಿಯೋನೆಯ ಸಂಕಲನದ ಮೇಜಿನ ಮುಂದೆ ಕೂತವರು ಬರಾಲಿಯವರೇ. ಅದೇ ವರ್ಷಗಳಲ್ಲಿ, 1961ರ ‘ಅಕತೋನೆ’ಯಿಂದ ಹಿಡಿದು, ಇಟಲಿಯ ಇನ್ನೊಬ್ಬ ನಿರ್ದೇಶಕ ಪಸೋಲಿನಿಯ ಬಹುಪಾಲು ಚಿತ್ರಗಳನ್ನೂ ಅವರೇ ಕತ್ತರಿಸಿದರು. ನಿರ್ದೇಶಕ ಕೊರ್ಬುಚಿಯ ವೆಸ್ಟರ್ನ್ ‘ಜಾಂಗೊ’ದಲ್ಲೂ ಅವರ ಕೈ ಇದೆ.

‘ಚುರುಕು’ ಎಂದಿದ್ದೀರಿ. ಆ ಮಾತನ್ನು ನಾನು ಪೂರ್ತಿ ಒಪ್ಪಲಾರೆ. ಸ್ಮಶಾನದಲ್ಲಿ ಮೂವರು ಬಂದೂಕುಧಾರಿಗಳೂ ವೃತ್ತದಲ್ಲಿ ನಿಂತ ಮೇಲೆ ಗುಂಡು ಹಾರಲು ಸುಮಾರು 5 ನಿಮಿಷ ಬೇಕು. ಮೊದಲು ದೂರದ ಶಾಟ್‌ಗಳು ನಿಧಾನವಾಗಿ ನಿಲ್ಲುತ್ತವೆ, ಆಮೇಲೆ ಮುಖ, ಬಂದೂಕಿನ ಬಳಿಯ ಬೆರಳು, ಕಡೆಗೆ ಬರೀ ಕಣ್ಣು. ಸಂಗೀತಕಾರ ಮೊರಿಕೋನೆಯ ಸಂಗೀತ ಏರಿದಂತೆ ಶಾಟ್‌ಗಳು ಗಿಡ್ಡವಾಗುತ್ತವೆ. ಮೊದಲ ಭಾಗದ ಆ ತಾಳ್ಮೆಯಿಲ್ಲದಿದ್ದರೆ ಕೊನೆಯ ವೇಗ ಬರೀ ಗದ್ದಲವಾಗುತ್ತಿತ್ತು.

ಇದನ್ನು ಕೈಯಲ್ಲಿ ಅಳೆಯುವುದು ಹೀಗೆ: 35 ಎಂಎಂ ಪ್ರಿಂಟಿನಲ್ಲಿ ಅಡಿಗೆ 16 ಫ್ರೇಮ್, ಸೆಕೆಂಡಿಗೆ 24. ಅಂದರೆ 8 ಫ್ರೇಮಿನ ಕಣ್ಣೋಟ ಅರ್ಧ ಅಡಿ ಫಿಲ್ಮು. ಅಂಟು ಹಚ್ಚಿ ಜೋಡಿಸುವ ಹಳೇ ಪದ್ಧತಿಯಲ್ಲಿ ಒಂದು ತುದಿಯ ಎಮಲ್ಷನ್ (ಚಿತ್ರ ಮೂಡುವ ಲೇಪ) ಕೆರೆದು, ಇನ್ನೊಂದನ್ನು ಅದರ ಮೇಲೆ ಒತ್ತಬೇಕು. ಮನಸ್ಸು ಬದಲಾಗಿ ಬಿಚ್ಚಿದರೆ ಫ್ರೇಮ್ ಹೋಯಿತು. ಅರ್ಧ ಅಡಿಯ ಶಾಟಿನಲ್ಲಿ ಆ ನಷ್ಟ ಎದ್ದು ಕಾಣುತ್ತದೆ. ನಿರ್ದೇಶಕ ಫೆಲಿನಿಯ ಸಂಕಲನಕಾರ ಲಿಯೊ ಕತೊಟ್ಸೊ ರೂಪಿಸಿದ ಸ್ಪ್ಲೈಸರ್ (ಫಿಲ್ಮು ಜೋಡಿಸುವ ಸಾಧನ) ಈ ತೊಡಕು ನೀಗಿಸಿತು: ಎರಡು ತುದಿಗಳನ್ನು ಎದುರುಬದುರಿಟ್ಟು ಪಾರದರ್ಶಕ ಟೇಪ್ ಎಳೆದು ಹಿಡಿಕೆ ಒತ್ತಿದರೆ, ಟೇಪೂ ತುಂಡಾಗಿ ಅಂಚಿನ ತೂತುಗಳೂ ಬೀಳುತ್ತವೆ. ಟೇಪ್ ಕಿತ್ತರೆ ಫ್ರೇಮ್ ಅಷ್ಟೂ ಉಳಿದಿರುತ್ತದೆ, ಎಷ್ಟು ಸಲ ಬೇಕಾದರೂ ಪ್ರಯತ್ನಿಸಬಹುದು. ತುದಿಗಳು ಕೂದಲೆಳೆ ಸರಿದರೂ ಮಾತ್ರ ಚಿತ್ರ ಪ್ರೊಜೆಕ್ಟರಿನ ಗೇಟಿನಲ್ಲಿ ಜಿಗಿಯುತ್ತದೆ.

ನೆಗೆಟಿವ್, ಅಂದರೆ ಕ್ಯಾಮೆರಾದಲ್ಲಿ ಓಡಿದ ಮೂಲ ಫಿಲ್ಮು, ಬೇರೆಯೇ ತಲೆನೋವು. ನೀವು ನೋಡಿದ ಚಿತ್ರ ಟೆಕ್ನಿಸ್ಕೋಪ್ ಎಂಬ ಅಗಲ ಪರದೆಯ ಪದ್ಧತಿಯದು, ಫ್ರೇಮಿಗೆ ನಾಲ್ಕರ ಬದಲು ಎರಡೇ ತೂತು. 1000 ಅಡಿ ರೋಲು 11 ನಿಮಿಷದ ಬದಲು 22 ನಿಮಿಷ ಓಡುವುದರಿಂದ ನಿರ್ಮಾಪಕರಿಗೆ ಉಳಿತಾಯ. ಆದರೆ ಫ್ರೇಮ್‌ಗಳ ನಡುವೆ ಜಾಗ ತೀರಾ ಕಡಿಮೆ, ಅಂಟಿನ ಜೋಡಣೆ ಚಿತ್ರದೊಳಗೇ ಇಣುಕುವ ಅಪಾಯವಿತ್ತು.

ಆಗಿನ ಇಟಲಿಯಲ್ಲಿ ಮಾತೆಲ್ಲ ಆಮೇಲೆ ಡಬ್ ಆಗುತ್ತಿತ್ತು. ಸೆಟ್ಟಿನಲ್ಲಿ ಒಬ್ಬರು ಇಂಗ್ಲಿಷ್, ಇನ್ನೊಬ್ಬರು ಇಟಾಲಿಯನ್. ಸೆಟ್ಟಿನ ಧ್ವನಿಗೆ ಕಟ್ಟುಬೀಳದ ಸಂಕಲನಕಾರ ಮುಖವೊಂದನ್ನು ಬೇಕಾದಷ್ಟು ಹೊತ್ತು ಹಿಡಿಯಬಹುದು. ತುಟಿ ಹೊಂದದ ಕಡೆ ಕೇಳುತ್ತಿರುವವನ ಮುಖಕ್ಕೆ ಹೋದರೆ ಆಯಿತು.

1984ರ ‘ಒನ್ಸ್ ಅಪಾನ್ ಎ ಟೈಮ್ ಇನ್ ಅಮೆರಿಕ’ದಲ್ಲಿ ಒಂದು ಫೋನಿನ ಗಂಟೆ ದೃಶ್ಯಗಳನ್ನು ದಾಟಿ, ಕಾಲವನ್ನೇ ದಾಟಿ ಹೊಡೆದುಕೊಳ್ಳುತ್ತಲೇ ಇರುತ್ತದೆ. 229 ನಿಮಿಷದ ಆ ಚಿತ್ರವನ್ನು ಅಮೆರಿಕದಲ್ಲಿ ಬಿಡುಗಡೆ ಮಾಡಿದವರು 139ಕ್ಕೆ ಇಳಿಸಿ, ಘಟನೆಗಳನ್ನು ಕಾಲಕ್ರಮದಲ್ಲಿ ಜೋಡಿಸಿಬಿಟ್ಟರು. ನೆನಪಿನ ಹೆಣಿಗೆಯೇ ಬಿಚ್ಚಿಹೋಯಿತು. ನೀವು ಮುಂದೆ ನೋಡುವುದು ಈ ಚಿತ್ರವಾದರೆ, ದಯವಿಟ್ಟು ಉದ್ದದ ಪ್ರತಿಯನ್ನೇ ಹುಡುಕಿ.