‘ಸಸಿನೆ’ ಎಂಬ ಪದ ಮತ್ತು ನಿಮ್ಮ ಕಥೆಯ ಎರಡು ಗೋಡೆಗಳು

ನಮಸ್ಕಾರ.

ನಿಮ್ಮ ಕಥೆ ಓದಿದೆ. ಈಗಿರುವ ಹಾಗೆ ಅದನ್ನು ಪ್ರಕಟಿಸಲು ಆಗುವುದಿಲ್ಲ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಕೊನೆಯವರೆಗೆ ಕಾಯಿಸುವುದು ಸರಿಯಲ್ಲ. ಬೇಡ ಅನ್ನಿಸಿದ ಬರಹಕ್ಕೆ ನಾವು ಕಳಿಸುವುದು ಎರಡು ಸಾಲಿನ ಉತ್ತರ. ನಿಮಗೆ ಇಷ್ಟುದ್ದ ಬರೆಯುತ್ತಿದ್ದೇನೆ ಅಂದರೆ ಕಥೆಯಲ್ಲಿ ಸರಕು ಇದೆ ಅಂತಲೇ ಅರ್ಥ.

ಕಥೆ ನನಗೆ ಅರ್ಥವಾಗಿರುವುದು ಹೀಗೆ. ಪಿಯು ಕಾಲೇಜಿನ ಕನ್ನಡ ಮೇಷ್ಟ್ರೊಬ್ಬರು ಹಳೇ ಮನೆ ಕೆಡವಿಸಲು ಊರಿಗೆ ಬರುತ್ತಾರೆ. ಕಥೆ ಹೇಳುವವರೂ ಅವರೇ. ಮನೆ ಕಟ್ಟಿದ್ದು ಅವರ ಅಪ್ಪ, ಗಾರೆ ಕೆಲಸದವರು. ಈಗ ಅಪ್ಪನಿಗೆ ಕೈ ನಡುಗುತ್ತದೆ, ಜಗಲಿಯ ಮೇಲೆ ಕೂತು ಎಲ್ಲವನ್ನೂ ನೋಡುತ್ತಿರುತ್ತಾರೆ. ಮನೆಯ ಮುಂದಿನ ಗೋಡೆ ಇವತ್ತಿಗೂ ಒಂದು ಕೂದಲೆಳೆಯಷ್ಟು ವಾಲಿಲ್ಲ. ಅಡುಗೆಮನೆಯ ಹಿಂದಿನ ಗೋಡೆ ಮಾತ್ರ ನಡುವೆ ಬಾಗಿದೆ. ಅಲ್ಲೊಂದು ಬಂಡೆ ಇತ್ತು. ಅಪ್ಪ ಅದನ್ನು ಒಡೆಯಲಿಲ್ಲ, ಗೋಡೆಯನ್ನೇ ಬಂಡೆಯ ಸುತ್ತ ಬಳಸಿ ತಂದರು. ಹೊಸ ಕಂಟ್ರಾಕ್ಟರ್ ಆ ಗೋಡೆ ನೋಡಿ ನಗುತ್ತಾನೆ.

ಇದು ಒಳ್ಳೆಯ ಕಥೆ. ಬಂಡೆಯನ್ನು ಬಳಸಿ ಹೋದ ಗೋಡೆ ಓದಿದವರ ಮನಸ್ಸಿನಿಂದ ಸುಲಭವಾಗಿ ಹೋಗುವುದಿಲ್ಲ. ತೊಂದರೆ ಇರುವುದು ಬೇರೆ ಕಡೆ.

ಪತ್ರದಲ್ಲಿ ನೀವೇ ಹೇಳಿದ್ದೀರಿ: ಮರೆತುಹೋದ ಒಂದು ಕನ್ನಡ ಪದವನ್ನು ಮತ್ತೆ ಬಳಕೆಗೆ ತರಬೇಕು, ಅದಕ್ಕೇ ಈ ಕಥೆ ಬರೆದೆ ಎಂದು. ಪದ ‘ಸಸಿನೆ’. ಪುಟಕ್ಕೆ ಎರಡು ಮೂರು ಸಲ ಬರುತ್ತದೆ. ‘ಮುಂದಿನ ಗೋಡೆ ಸಸಿನೆ ನಿಂತಿತ್ತು.’ ‘ಬಸ್ಸಿಳಿದು ಸಸಿನೆ ಮನೆಗೆ ನಡೆದೆ.’ ‘ಅಪ್ಪ ಸಸಿನೆಯಾಗಿ ಕೂತರು.’ ‘ರಸ್ತೆ ಸಸಿನೆ ಊರೊಳಗೆ ಹೋಗುತ್ತದೆ.’ ‘ಕಂಟ್ರಾಕ್ಟರ್ ಸಸಿನೆ ಉತ್ತರ ಕೊಡಲಿಲ್ಲ.’

ಅರ್ಥದಲ್ಲಿ ತಪ್ಪಿಲ್ಲ. ನೇರವಾಗಿ, ನೆಟ್ಟಗೆ ಎಂಬುದು ಅದರ ಒಂದು ಅರ್ಥ. ಸರಿಯಾಗಿ, ಚೆನ್ನಾಗಿ ಎಂಬುದು ಇನ್ನೊಂದು. ಆಕಾರ ಹೇಳುವ ಪದವೇ ರೀತಿಯನ್ನೂ ಹೇಳುವುದು ಕನ್ನಡಕ್ಕೆ ಹೊಸದೇನಲ್ಲ. ಆದರೂ ನಿಮ್ಮ ಮೊದಲ ವಾಕ್ಯದಲ್ಲೇ ನಾನು ತಡವರಿಸಿದೆ. ಇವತ್ತಿನ ಓದುಗರಿಗೆ ‘ಸಸಿ’ ಅಂದರೆ ನೆಡುವ ಗಿಡ. ‘ಗೋಡೆ ಸಸಿನೆ ನಿಂತಿತ್ತು’ ಅಂದರೆ ಅಚ್ಚಿನ ತಪ್ಪು ಅಂದುಕೊಳ್ಳುತ್ತಾರೆ. ಹಳೆಯ ಕಾವ್ಯ ಓದಿದವರಿಗಂತೂ ಇನ್ನೂ ಕಷ್ಟ, ಅವರಿಗೆ ಚಂದ್ರನೂ ನೆನಪಾಗುತ್ತಾನೆ, ‘ಶಶಿ’ಯ ತದ್ಭವವೂ ‘ಸಸಿ’ಯೇ ಅಲ್ವಾ! ಅಪರೂಪದ ಪದವನ್ನು ಮೊದಲ ಸಲ ತರುವಾಗ ಸುತ್ತಲಿನ ಮಾತೇ ಅದರ ಅರ್ಥ ಬಿಟ್ಟುಕೊಡಬೇಕು. ನಿಮ್ಮ ವಾಕ್ಯಗಳಲ್ಲಿ ಅಂಥ ಆಸರೆ ಎಲ್ಲೂ ಇಲ್ಲ. ಗೋಡೆ ಹೇಗೆ ಬೇಕಾದರೂ ನಿಂತಿರಬಹುದು.

‘ಸಸಿನೆಯಾಗಿ’ ಎಂಬುದನ್ನು ಮಾತ್ರ ಯಾವ ಕಾರಣಕ್ಕೂ ಉಳಿಸಬೇಡಿ. ಸುಮ್ಮನೆ, ಮೆಲ್ಲನೆ, ನೆಟ್ಟನೆ, ಸಸಿನೆ ಇವೆಲ್ಲ ಒಂದೇ ಸಾಲಿನವು. ಹೇಗೆ ಎಂಬ ಪ್ರಶ್ನೆಗೆ ಉತ್ತರ ಅವುಗಳಲ್ಲೇ ಇದೆ. ‘ಸುಮ್ಮನೆಯಾಗಿ ಕೂತರು’ ಅಂತ ಯಾರೂ ಬರೆಯುವುದಿಲ್ಲ. ಹೆಸರಿನ ರೂಪ ‘ಸಸಿನ’. ‘ಆಗಿ’ ಬೇಕೇ ಬೇಕು ಅಂದರೆ ಅದಕ್ಕೆ ಸೇರಿಸಿ.

ಈಗ ದೊಡ್ಡ ವಿಷಯಕ್ಕೆ ಬರುತ್ತೇನೆ. ನಿಮ್ಮ ಕಥೆಯಲ್ಲಿ ನೇರ ಎಂಬುದಕ್ಕೆ ಸಂಬಂಧಿಸಿದ ಎಲ್ಲ ಕೆಲಸವನ್ನೂ ಈ ಒಂದು ಪದದ ಕೈಲಿ ಮಾಡಿಸಿದ್ದೀರಿ. ಆಡುಮಾತಿನಲ್ಲಿ ಆ ಕೆಲಸವನ್ನು ಮೂರು ಪದಗಳು ಹಂಚಿಕೊಂಡಿವೆ. ಒಂದರ ಜಾಗದಲ್ಲಿ ಇನ್ನೊಂದು ಸುಲಭವಾಗಿ ಕೂರುವುದಿಲ್ಲ.

ಕಂಬ, ಗೋಡೆ, ಬೆನ್ನು ಇವಕ್ಕೆ ‘ನೆಟ್ಟಗೆ’. ಸದ್ದು ಕೇಳಿದ ನಾಯಿಯ ಕಿವಿ ನೆಟ್ಟಗಾಗುತ್ತದೆ. ಇದೇ ಪದ ಆಕಾರ ಬಿಟ್ಟು ಬೇರೆ ಕಡೆಗೂ ಹೋಗುತ್ತದೆ: ‘ನೆಟ್ಟಗೆ ಒಂದು ಕಾಫಿ ಮಾಡೋಕೆ ಬರಲ್ಲ’, ‘ನೆಟ್ಟಗೆ ಓದಿದ್ರೆ ಪಾಸಾಗ್ತಿದ್ದೆ’. ಗಮನಿಸಿ, ಈ ಎರಡನೇ ಅರ್ಥ ಬರುವುದು ಹೆಚ್ಚಾಗಿ ಬೈಗುಳದಲ್ಲಿ, ಇಲ್ಲ ಅನ್ನುವ ಮಾತಿನಲ್ಲಿ. ಕಾಫಿ ಚೆನ್ನಾಗಿದ್ದರೆ ‘ಕಾಫಿ ನೆಟ್ಟಗಿದೆ’ ಅಂತ ಯಾರೂ ಹೊಗಳುವುದಿಲ್ಲ. ನಿಘಂಟಿನಲ್ಲಿ ‘ಸರಿಯಾಗಿ’ ಅಂತ ಅರ್ಥ ಕೊಟ್ಟಿರುತ್ತದೆ, ಆದರೆ ಅದು ಹೆಚ್ಚಾಗಿ ಬೈಯುವಾಗ ಅಂತ ಹೇಳಿರುವುದಿಲ್ಲ. ಅದು ಗೊತ್ತಾಗುವುದು ಮನೆಯಲ್ಲಿ ಬೈಸಿಕೊಂಡವರಿಗೆ.

ಎಲ್ಲೂ ನಿಲ್ಲದೆ ಹೋಗುವುದಕ್ಕೆ ‘ಸೀದಾ’. ಬಸ್ಸಿಳಿದು ಸೀದಾ ಮನೆಗೆ ಹೋದೆ ಅಂದರೆ ದಾರಿ ಹತ್ತು ಕಡೆ ತಿರುಗಿದ್ದರೂ ಪರವಾಗಿಲ್ಲ, ನಡುವೆ ಟೀ ಅಂಗಡಿಯಲ್ಲಿ ನಿಂತಿರಬಾರದು ಅಷ್ಟೆ. ಇಲ್ಲಿ ಆಕಾರದ ಮಾತೇ ಇಲ್ಲ. ಹಿಂದಿಯಿಂದ ಬಂದದ್ದು ಅಂತ ಅದನ್ನು ದೂರ ಇಡಬೇಡಿ. ನಿಮ್ಮ ನಿರೂಪಕರ ಊರಲ್ಲಿ ಎಲ್ಲರ ಬಾಯಲ್ಲೂ ಅದೇ ಇರುತ್ತದೆ.

ಮಾತು, ಪ್ರಶ್ನೆ, ನೋಟ ಇವಕ್ಕೆ ‘ನೇರ’. ಕಂಟ್ರಾಕ್ಟರ್ ನೇರವಾಗಿ ಉತ್ತರ ಕೊಡಲಿಲ್ಲ. ಸೀದಾ ಉತ್ತರ ಅಂದರೂ ನಡೆದೀತು. ನೆಟ್ಟಗೆ ಉತ್ತರ ಕೊಡಲಿಲ್ಲ ಅಂದರೆ ಅವನ ಮೇಲೆ ನಿಮಗೆ ಸಿಟ್ಟಿದೆ ಅಂತ ಆಗುತ್ತದೆ. ಮೂರರಲ್ಲಿ ಯಾವುದನ್ನು ಬಳಸುತ್ತೀರಿ ಎಂಬುದರಲ್ಲೇ ನಿರೂಪಕರ ಮನಸ್ಸು ಗೊತ್ತಾಗುತ್ತದೆ. ಎಲ್ಲ ಕಡೆ ‘ಸಸಿನೆ’ ಹಾಕಿದಿರಿ, ಅಷ್ಟೂ ಕೈತಪ್ಪಿತು.

ಅಪ್ಪ ಗಾರೆ ಕೆಲಸದವರು ಅಂದಮೇಲೆ ನಿಮ್ಮ ಕೈಯಲ್ಲಿ ಇನ್ನೂ ದೊಡ್ಡ ಗಂಟಿದೆ. ಗೋಡೆ ಮೇಲಿಂದ ಕೆಳಗೆ ನೆಟ್ಟಗಿದೆಯಾ ಅಂತ ನೋಡಲು ತೂಗುಗುಂಡು ಬಿಡುತ್ತಾರೆ. ಅಡ್ಡಕ್ಕೆ ಮಟ್ಟವಾಗಿದೆಯಾ ಅಂತ ನೋಡಲು ರಸಮಟ್ಟ ಇಡುತ್ತಾರೆ. ಎರಡು ಗೋಡೆ ಸೇರುವ ಕಡೆ ಮೂಲೆಮಟ್ಟ. ಅವರಿಗೆ ನೇರ ಎಂಬುದು ಒಂದಲ್ಲ, ಮೂರು. ಮೂರನ್ನೂ ಬೇರೆ ಬೇರೆ ಸಾಮಾನು ಹಿಡಿದು ಅಳೆಯುತ್ತಾರೆ. ನಿಮ್ಮ ಕಥೆಯಲ್ಲಿ ಈ ಮೂರೂ ಇಲ್ಲ. ಇರುವುದು ಒಂದು ಸಾಲು: ‘ಅಪ್ಪ ತಮ್ಮ ಉಪಕರಣಗಳಿಂದ ಗೋಡೆಯನ್ನು ಪರೀಕ್ಷಿಸುತ್ತಿದ್ದರು.’ ಇದು ಸರ್ಕಾರಿ ವರದಿಯ ವಾಕ್ಯ. ಅಪ್ಪನೇ ಹೇಳಿದ್ದರೆ ‘ಗುಂಡು ಬಿಡು, ನೋಡೋಣ’ ಅನ್ನುತ್ತಿದ್ದರು. ಸಂಭಾಷಣೆಯಲ್ಲಿ ನಿಮ್ಮ ಕಿವಿ ಚುರುಕಾಗಿದೆ, ಸಿಮೆಂಟಿನ ಬಗ್ಗೆ ಅಪ್ಪ ಗೊಣಗುವ ಭಾಗ ಓದಿ ಜೋರಾಗಿ ನಕ್ಕೆ. ನಿರೂಪಣೆಗೆ ಬಂದ ಕೂಡಲೇ ಆ ಕಿವಿ ಮುಚ್ಚಿಕೊಳ್ಳುತ್ತದೆ.

ಇನ್ನೊಂದು ತಮಾಷೆ ನೋಡಿ. ನೇರಕ್ಕೆ ಹುಡುಕಿ ಹುಡುಕಿ ಹಳೆಯ ಕನ್ನಡ ಪದ ತಂದಿರಿ. ಬಾಗಿದ ಗೋಡೆಗೆ ಬಂದಾಗ ‘ವಕ್ರಾಕಾರದಲ್ಲಿ ನಿರ್ಮಿತವಾಗಿತ್ತು’ ಅಂತ ಬರೆದುಬಿಟ್ಟಿರಿ! ಸೊಟ್ಟಕ್ಕೆ ನಮ್ಮಲ್ಲಿ ಪದಗಳಿಗೆ ಬರವಾ? ನೇರಕ್ಕಿಂತ ಜಾಸ್ತಿಯೇ ಇವೆ. ವಸ್ತು ನೇರವಾಗಿದ್ದು ಒಂದು ಕಡೆಗೆ ತಿರುಗಿದ್ದರೆ ಓರೆ, ಹಳೇ ಮೈಸೂರಿನ ಕಡೆ ವಾರೆ. ಬಾಗಿಲನ್ನು ಓರೆ ಮಾಡುತ್ತೇವೆ, ಬಾಗಿಲೇನೂ ಬಾಗುವುದಿಲ್ಲ. ಬೀಳುತ್ತದೇನೋ ಅನ್ನುವ ಹಾಗೆ ಓರೆಯಾದರೆ ವಾಲಿದೆ ಅನ್ನುತ್ತೇವೆ. ವಸ್ತುವೇ ಬಾಗಿದ್ದರೆ ಡೊಂಕು. ಮೇಲಿಂದ ಮೇಲೆ ಬಾಗಿದ್ದರೆ, ಹೊಳೆಯ ಹಾಗೆ, ಅಂಕುಡೊಂಕು. ಇರಬೇಕಾದ ಆಕಾರ ಕೆಟ್ಟಿದ್ದರೆ ಸೊಟ್ಟ, ಅದರಲ್ಲಿ ಸ್ವಲ್ಪ ತಾತ್ಸಾರವೂ ಸೇರಿರುತ್ತದೆ. ಹಾಗಾಗಿ ನಿಮ್ಮ ಹಿಂದಿನ ಗೋಡೆಯನ್ನು ಕಂಟ್ರಾಕ್ಟರ್ ಸೊಟ್ಟ ಅನ್ನಬೇಕು, ಮಗ ಡೊಂಕು ಅನ್ನಬೇಕು. ಅಪ್ಪ ಏನೂ ಅನ್ನದೆ ಇರಬಹುದು. ‘ಕುಣಿಯಲಾರದವಳು ನೆಲ ಡೊಂಕು ಅಂದಳಂತೆ’ ಎಂಬ ಗಾದೆಯನ್ನು ಕಂಟ್ರಾಕ್ಟರನ ಬಾಯಲ್ಲಿ ಹಾಕಿ ನೋಡಿ. ಬಂಡೆ ಒಡೆಯಲಾಗದವನು ಗೋಡೆ ಬಗ್ಗಿಸಿದ ಅಂತ ಅವನು ಕುಟುಕಿದ ಹಾಗೆ ಆಗುತ್ತದೆ. ಅಪ್ಪನಿಗೆ ಅದು ನಾಟುತ್ತದೆ.

ಅಂದ ಹಾಗೆ, ಐದನೇ ಪುಟದಲ್ಲಿ ‘ಅಪ್ಪನ ಕಸುಬನ್ನು ಓರೆಗೆ ಹಚ್ಚಿದ’ ಅಂತಿದೆ. ಅದು ‘ಒರೆಗೆ ಹಚ್ಚಿದ’. ಚಿನ್ನ ಉಜ್ಜಿ ನೋಡುವ ಒರೆಗಲ್ಲಿನ ಒರೆ, ಹ್ರಸ್ವ. ದೀರ್ಘ ಮಾಡಿದರೆ ಕಸುಬೇ ವಾರೆಯಾಗುತ್ತದೆ.

ಹಾಗಾದರೆ ‘ಸಸಿನೆ’ ಬಿಟ್ಟೇಬಿಡಬೇಕಾ ಅಂತ ಕೇಳುತ್ತೀರಿ. ಬೇಡ. ಒಂದು ಕಡೆ ಅದಕ್ಕೆ ಜಾಗ ಇದೆ. ಆ ಜಾಗ ನೀವು ಇಟ್ಟ ಗೋಡೆಯಲ್ಲಿಲ್ಲ.

ಈ ಪದವನ್ನು ಕನ್ನಡಿಗರು ಎಲ್ಲಾದರೂ ಕೇಳಿದ್ದರೆ ಅದು ಬಸವಣ್ಣನವರ ವಚನದಲ್ಲಿ: ‘ಹಾವಿನ ಡೊಂಕು ಹುತ್ತಕ್ಕೆ ಸಸಿನ, ನದಿಯ ಡೊಂಕು ಸಮುದ್ರಕ್ಕೆ ಸಸಿನ.’ ಮೂರನೇ ಸಾಲಿನಲ್ಲಿ ಕೂಡಲಸಂಗನ ಶರಣರ ಡೊಂಕು ಲಿಂಗಕ್ಕೆ ಸಸಿನ ಎಂದು ಬರುತ್ತದೆ. 12ನೇ ಶತಮಾನದ ಮಾತು. ಇದರಲ್ಲಿ ಎರಡು ಸಂಗತಿ ನೋಡಿ. ಪಕ್ಕದಲ್ಲೇ ‘ಡೊಂಕು’ ಇದೆ, ಹಾಗಾಗಿ ಪದ ಗೊತ್ತಿಲ್ಲದವನಿಗೂ ಅರ್ಥ ಹೊಳೆಯುತ್ತದೆ. ಎರಡನೆಯದು ಆ ‘ಕ್ಕೆ’. ಹುತ್ತಕ್ಕೆ, ಸಮುದ್ರಕ್ಕೆ, ಲಿಂಗಕ್ಕೆ. ಹಾವು ಸುಮ್ಮನೆ ಸಸಿನ ಅಲ್ಲ. ಹೊರಗಿಂದ ನೋಡುವವನಿಗೆ ಅದು ಡೊಂಕೇ. ಹುತ್ತದ ಲೆಕ್ಕದಲ್ಲಿ ಸಸಿನ. ನೇರ, ಸರಿ ಎಂಬ ಎರಡೂ ಅರ್ಥ ಇಲ್ಲಿ ಒಂದೇ ಪದದಲ್ಲಿ ಕೂಡಿಕೊಂಡಿವೆ. ನೆಟ್ಟಗೆ, ಸೀದಾ, ನೇರ ಈ ಮೂರರಲ್ಲಿ ಯಾವುದನ್ನು ತಂದಿಟ್ಟರೂ ಈ ಸಾಲು ಕೆಡುತ್ತದೆ. ‘ಹಾವಿನ ಡೊಂಕು ಹುತ್ತಕ್ಕೆ ನೇರ’ ಅಂತ ಒಮ್ಮೆ ಹೇಳಿಕೊಂಡು ನೋಡಿ. ವಿಚಿತ್ರ ಅಂದರೆ, ಜೋಡಿಯಲ್ಲಿ ಡೊಂಕು ಇವತ್ತಿಗೂ ಗಟ್ಟಿಮುಟ್ಟಾಗಿ ಬದುಕಿದೆ. ಸಸಿನ ವಚನದಲ್ಲೇ ಉಳಿದುಬಿಟ್ಟಿದೆ.

ಈಗ ನಿಮ್ಮ ಗೋಡೆಗಳನ್ನು ನೋಡಿ. ಮುಂದಿನ ಗೋಡೆ ತೂಗುಗುಂಡಿಗೆ ಒಪ್ಪಿದ ಗೋಡೆ. ಅದಕ್ಕೆ ‘ನೆಟ್ಟಗೆ’ ಸಾಕು. ಹಿಂದಿನದು ಡೊಂಕು, ಬಂಡೆಗೆ ಸಸಿನ! ನಿಮ್ಮ ಕಥೆಯ ಜೀವ ಇರುವುದೇ ಅಲ್ಲಿ, ಪದಕ್ಕೆ ಜಾಗ ಇರುವುದೂ ಅಲ್ಲೇ. ನಿರೂಪಕರು ಕನ್ನಡ ಮೇಷ್ಟ್ರು. ಈ ವಚನವನ್ನು ವರ್ಷವರ್ಷ ಪಾಠ ಮಾಡಿದವರು. ಅವರ ತಲೆಯಲ್ಲಿ ಆ ಪದ ಇರುವುದು ಸಹಜ. ಬೇರೆ ಯಾರ ತಲೆಯಲ್ಲಿದ್ದರೂ ಅದು ನಿಮ್ಮದು ಅಂತ ಗೊತ್ತಾಗಿಬಿಡುತ್ತಿತ್ತು.

ಒಂದು ಎಚ್ಚರಿಕೆ. ಮೇಷ್ಟ್ರ ಕೈಲಿ ವಚನ ಬಿಡಿಸಿ ಹೇಳಿಸಬೇಡಿ. ಗೋಡೆ ನೋಡಿ ವಚನ ನೆನಪಾಗಿ ಕಣ್ಣು ತುಂಬಿತು ಅಂತ ಬರೆದರೆ ಮುಗಿಯಿತು ಕಥೆ. ಕೆಡವುವವರು ಹಾರೆ ಹಿಡಿದು ಬಂದು ‘ಸಾರ್, ಈ ಸೊಟ್ಟಗೋಡೆ ಮೊದಲು ತೆಗೀಲಾ?’ ಅಂತ ಕೇಳುತ್ತಾರಲ್ಲ, ಆ ಜಾಗದಲ್ಲಿ ಒಂದು ಸಲ, ಒಂದೇ ಸಲ, ಪದ ಬರಲಿ. ಬೇಕಾದರೆ ಅದಕ್ಕೆ ಎಷ್ಟೋ ಮೊದಲು, ತರಗತಿಯ ನೆನಪಿನಲ್ಲಿ, ವಚನದ ಒಂದು ತುಣುಕನ್ನು ಸುಳಿಸಿಬಿಡಿ. ಎರಡಕ್ಕೂ ಇರುವ ನಂಟನ್ನು ಓದುಗರು ಹುಡುಕಿಕೊಳ್ಳುತ್ತಾರೆ.

ಅಪರೂಪದ ಪದಗಳ ಮೇಲೆ ನಿಮಗಿರುವ ಪ್ರೀತಿಗೆ ತಣ್ಣೀರು ಹಾಕುತ್ತಿಲ್ಲ. ಹುಡುಕುವ ರೀತಿ ಸ್ವಲ್ಪ ಬದಲಾಗಲಿ. ಕನ್ನಡ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳ ನಿಘಂಟಿನಲ್ಲಿ ಪದದ ಅರ್ಥದ ಜೊತೆಗೆ ಹಳೆಯ ಕೃತಿಗಳ ಸಾಲುಗಳನ್ನೂ ಕೊಟ್ಟಿದ್ದಾರೆ. ನಾವು ಅರ್ಥ ನೋಡಿ ಪುಸ್ತಕ ಮುಚ್ಚುತ್ತೇವೆ. ಆ ಸಾಲುಗಳನ್ನು ಓದಿ. ಪದದ ಅಕ್ಕಪಕ್ಕ ಯಾರಿದ್ದಾರೆ, ಯಾವ ವಿಭಕ್ತಿ ಇದೆ, ಅದು ವಸ್ತುವಿನ ಬಗ್ಗೆ ಬರುತ್ತದೋ ಮನುಷ್ಯರ ಬಗ್ಗೆಯೋ, ಎಲ್ಲ ಅಲ್ಲಿಯೇ ಸಿಗುತ್ತದೆ. 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾದ ಕಿಟೆಲ್ ನಿಘಂಟಿನಲ್ಲಿ ಗಾದೆಗಳೂ ಧಾರಾಳ. ನನಗೆ ಬೇಸರವಾದಾಗ ಅದನ್ನು ಎಲ್ಲೆಂದರಲ್ಲಿ ತೆರೆದು ಓದುತ್ತೇನೆ, ಆ ಚಟ ನಿಮಗೂ ಹತ್ತಿದರೆ ಒಳ್ಳೆಯದೇ.

ಉಳಿದದ್ದು ಬೇಗ ಹೇಳಿ ಮುಗಿಸುತ್ತೇನೆ. ಮೊದಲ ಒಂದೂವರೆ ಪುಟದ ಸೂರ್ಯೋದಯ ಬೇಡ, ಕಂಟ್ರಾಕ್ಟರ್ ಬರುವಲ್ಲಿಂದ ಶುರು ಮಾಡಿ. ತಂಗಿಯ ಪಾತ್ರಕ್ಕೆ ಕೆಲಸವೇ ಇಲ್ಲ. ಕೊನೆಯಲ್ಲಿ ಅಪ್ಪನನ್ನು ಸಾಯಿಸಿದ್ದೀರಿ. ಮನೆ ಬಿದ್ದ ದಿನವೇ ಯಜಮಾನರೂ ಹೋಗುವ ಕಥೆಗಳು ನಮ್ಮ ಮೇಜಿಗೆ ಬಹಳ ಬರುತ್ತವೆ. ಅಪ್ಪ ಬದುಕಿರಲಿ. ಹೊಸ ಮನೆಯ ಪಾಯಕ್ಕೆ ಹಗ್ಗ ಹಿಡಿಯುವಾಗ ಅವರು ಏನನ್ನುತ್ತಾರೆ ಅಂತ ನನಗೆ ಕುತೂಹಲವಿದೆ.

ತಿದ್ದಿ ಕಳಿಸಿ, ಅವಸರ ಬೇಡ. ಪಿಡಿಎಫ್ ಬೇಡ, ಯೂನಿಕೋಡ್‌ನಲ್ಲಿ ಟೈಪ್ ಮಾಡಿದ ಫೈಲ್ ಇರಲಿ. ಕಳಿಸುವ ಮೊದಲು ಒಂದು ವಿಷಯ ನಿಮಗೇ ಖಚಿತವಾಗಲಿ: ಅಪ್ಪ ಆ ಬಂಡೆ ಯಾಕೆ ಒಡೆಯಲಿಲ್ಲ? ಕಲ್ಲು ಒಡೆಯುವವರಿಗೆ ಕೊಡಲು ದುಡ್ಡಿರಲಿಲ್ಲವೋ, ಮನಸ್ಸಿರಲಿಲ್ಲವೋ? ಕಥೆಯಲ್ಲಿ ಹೇಳಲೇಬೇಕು ಅಂತಿಲ್ಲ. ನಿಮಗೆ ಗೊತ್ತಿರಬೇಕು. ಈಗಿನ ಕರಡು ಬರೆದಾಗ ಗೊತ್ತಿರಲಿಲ್ಲ ಅಂತ ನನ್ನ ಅನುಮಾನ.